ಕಡ್ಡಿ ಚುಚ್ಚದ ಸುರುಳಿ

ಅತ್ತೆಯ ಬಲಗೈ ಮಣಿಕಟ್ಟು ಮುರಿದದ್ದು ಸೋಮವಾರ. ಮನೆ ಮುಂದಿನ ಕಾಲುದಾರಿಗೆ ಸೋಪಿನ ನೀರು ಸುರಿದು ಉಜ್ಜುವಾಗ ಜಾರಿಬಿದ್ದರು. ಮಾವ ದೋನ್ ಕ್ರಿಸಾಂತೊ ತೀರಿಕೊಂಡ ದಿನದ ಪೂಜೆ ಶನಿವಾರ. ನಡುವೆ ನಾಲ್ಕೇ ದಿನ. ಇದನ್ನು ಮೊದಲೇ ಹೇಳಿಬಿಡುವುದು ಒಳ್ಳೆಯದು. ಇಲ್ಲದಿದ್ದರೆ, ಇಷ್ಟು ಸಣ್ಣ ವಿಷಯಕ್ಕೆ ಇವಳೇಕೆ ಇಷ್ಟು ಒದ್ದಾಡಿದಳು ಎಂದು ನಿಮಗೆ ಅನ್ನಿಸಬಹುದು. ನನಗೇ ಹಲವು ಸಲ ಅನ್ನಿಸಿದೆ.

ಪ್ರತಿ ವರ್ಷ ಚರ್ಚಿನಿಂದ ಬಂದ ಮೇಲೆ ನೆಂಟರೆಲ್ಲ ನಮ್ಮ ಮನೆಯಲ್ಲೇ ಊಟಕ್ಕೆ ಕೂರುತ್ತಾರೆ. ಊಟವೆಂದರೆ ಫ್ಲೌತಾ, ಮತ್ತೇನಲ್ಲ. ಮೆಕ್ಕೆಜೋಳದ ಟೋರ್ಟಿಯಾ ರೊಟ್ಟಿಯೊಳಗೆ ಎಳೆ ಎಳೆಯಾಗಿ ಬಿಡಿಸಿದ ಮಾಂಸ ಇಟ್ಟು, ಕೊಳಲಿನಂತೆ ಬಿಗಿಯಾಗಿ ಸುತ್ತಿ, ಗರಿಗರಿಯಾಗಿ ಕರಿದದ್ದು. ಮಾವನಿಗೆ ಅದೆಂದರೆ ಪ್ರಾಣ. ಅವರು ಹೋಗಿ ಒಂಬತ್ತು ವರ್ಷವಾಯಿತು. ಒಂಬತ್ತು ವರ್ಷವೂ ಅತ್ತೆ ನಲವತ್ತು ಫ್ಲೌತಾ ಮಾಡಿದ್ದಾರೆ, ಒಂದಕ್ಕೂ ಕಡ್ಡಿ ಚುಚ್ಚದೆ.

ಬೇರೆ ಮನೆಗಳಲ್ಲಿ ಸುರುಳಿ ಬಿಚ್ಚಿಕೊಳ್ಳದಿರಲೆಂದು ಹಲ್ಲುಕಡ್ಡಿ ಚುಚ್ಚಿ ಕರಿಯುತ್ತಾರೆ. ನಮ್ಮ ಮನೆಯಲ್ಲಿ ಅದು ನಿಷಿದ್ಧ. ಅದಕ್ಕೊಂದು ಕಾರಣವಿದೆ. ಮಾವ ಈ ಕೊಯೆಸಿಯೊ ಬೀದಿಯ ಕಾರ್ಖಾನೆಯಲ್ಲಿ ನಲವತ್ತು ವರ್ಷ ಚಪ್ಪಲಿ, ಬೂಟು ಹೊಲಿದವರು. ದಿನವಿಡೀ ಬಾಯಿ ತುಂಬ ಸಣ್ಣ ಮೊಳೆ ಇಟ್ಟುಕೊಂಡು, ಒಂದೊಂದನ್ನೇ ನಾಲಿಗೆಯಿಂದ ಮುಂದಕ್ಕೆ ತಳ್ಳಿ ತೆಗೆದು ಅಟ್ಟೆಗೆ ಹೊಡೆಯುವರು. ಒಂದು ಮೊಳೆಯೂ ಅವರಿಗೆ ಎಂದೂ ಚುಚ್ಚಿರಲಿಲ್ಲ. ಮದುವೆಯಾದ ಎರಡನೆಯ ವರ್ಷ ಅತ್ತೆ ಮಾಡಿದ ಫ್ಲೌತಾದಲ್ಲಿ ಮುರಿದುಳಿದ ಕಡ್ಡಿ ಅವರ ವಸಡಿಗೆ ಹೊಕ್ಕಿತು. ಕೆನ್ನೆ ಊದಿ ಮೂರು ದಿನ ಬಾಯಿಗೆ ಮೊಳೆ ಹಾಕಲಾಗಲಿಲ್ಲ. ಮೊಳೆ ಜಗಿಯುವವನನ್ನು ಹೆಂಡತಿ ಕಡ್ಡಿಯಲ್ಲಿ ಮಣಿಸಿದಳು ಎಂದು ಇಡೀ ಕಾರ್ಖಾನೆ ನಕ್ಕಿತಂತೆ. ಅತ್ತೆ ನಗಲಿಲ್ಲ. ಮಾವನ ತಟ್ಟೆಗೆ ಮತ್ತೆ ಕಡ್ಡಿ ಬರಲಿಲ್ಲ, ಅವರು ಸತ್ತ ಮೇಲೂ.

ಮಂಗಳವಾರ ಬೆಳಿಗ್ಗೆ ಅತ್ತೆ ಪ್ಲಾಸ್ಟರ್ ಹಾಕಿದ ಕೈಯನ್ನು ಮಡಿಲಲ್ಲಿಟ್ಟುಕೊಂಡು ಗೋಡೆ ನೋಡುತ್ತ, ಈ ಸಲ ಹೊರಗಿನಿಂದ ಪೊಸೋಲೆ ಸಾರು ತರಿಸಿದರಾಯಿತು ಎಂದರು. ಅವರು ನನ್ನ ಮುಖ ನೋಡಿ ಹೇಳಿದ್ದರೆ ನಾನು ಹೂಂ ಎನ್ನುತ್ತಿದ್ದೆನೇನೋ. ಗೋಡೆ ನೋಡಿದ್ದರಿಂದ, ನಾನು ಮಾಡುತ್ತೇನೆ ಅತ್ತೆ ಎಂದುಬಿಟ್ಟೆ. ನಲವತ್ತು ಎಂಬ ಲೆಕ್ಕ ನೆನಪಾದದ್ದು ಹೇಳಿ ಮುಗಿಸಿದ ಮೇಲೆ.

ಈ ಮನೆಗೆ ಬಂದು ಹದಿನಾಲ್ಕು ವರ್ಷ. ಮಾಂಸ ಬಿಡಿಸುವುದು, ಎಲೆಕೋಸು ಹೆಚ್ಚುವುದು, ಸಾಲ್ಸಾ ಅರೆಯುವುದು ನನ್ನ ಪಾಲು. ಸುತ್ತುವುದು, ಕರಿಯುವುದು ಅತ್ತೆಯದು. ಪಕ್ಕದಲ್ಲೇ ನಿಂತಿರುತ್ತಿದ್ದೆ, ಆದರೆ ನನ್ನ ಕಣ್ಣು ನನ್ನ ಕೆಲಸದ ಮೇಲೆ. ನನ್ನ ಪಾಲಿನದು ತಪ್ಪಬಾರದೆಂಬ ಭಯದಲ್ಲಿ ಅವರ ಕೈ ನೋಡಿದ್ದೇ ಇಲ್ಲ.

ಹೇಗೆ ಮಾಡುತ್ತೀರಿ ಎಂದು ಕೇಳಿದೆ. ಅವರು ಬಚ್ಚಿಟ್ಟರು ಅನ್ನುವಂತಿಲ್ಲ. ನಿಜಕ್ಕೂ ಅವರಿಗೆ ಗೊತ್ತಿರಲಿಲ್ಲ.

"ಕೈಗೆ ಗೊತ್ತು ಕಣೇ ತೋಲಾ, ನಂಗೇನು ಗೊತ್ತು," ಎಂದರು. "ಅದು ಪ್ಲಾಸ್ಟರ್ ಒಳಗಿದೆ. ಅದನ್ನೇ ಕೇಳು."

ನಾನು ವಾರಕ್ಕೆ ಮೂರು ಸಂಜೆ ಶಾಲೆಗೆ ಹೋಗುತ್ತೇನೆ. ಹಗಲು ಮಕ್ಕಳು ಕೂರುವ ಬೆಂಚುಗಳು. ನಲವತ್ತೊಂದು ವರ್ಷದ ನನ್ನ ಮೊಣಕಾಲು ಮೇಜಿನಡಿ ಹಿಡಿಸುವುದಿಲ್ಲ. ಅಲ್ಲಿ ವಿಜ್ಞಾನ ಹೇಳಿಕೊಡುವ ಅನ್ಸೆಲ್ಮೊ ಮೇಷ್ಟ್ರು ಒಂದು ಮಾತನ್ನು ಬೋರ್ಡಿನ ಮೇಲೆ ಬರೆದಿದ್ದರು: ಒಂದು ಸಲಕ್ಕೆ ಒಂದನ್ನೇ ಬದಲಿಸಿ, ಎರಡು ಬದಲಿಸಿದರೆ ಯಾವುದು ಕಾರಣವೆಂದು ತಿಳಿಯುವುದಿಲ್ಲ. ವಿಜ್ಞಾನದ ನೋಟ್‌ಬುಕ್ಕಿನ ಕೊನೆಯ ಹಾಳೆ ತೆರೆದು ಗೆರೆ ಎಳೆದೆ. ಮೇಷ್ಟ್ರು ನೋಡಿದರೆ ಏನೆಂದುಕೊಳ್ಳುತ್ತಾರೋ ಎಂಬ ಅಳುಕಿನಲ್ಲಿ ತಲೆಬರಹವನ್ನು ಪೆನ್ಸಿಲಿನಲ್ಲಿ ಬರೆದೆ.

ಮಂಗಳವಾರ ಅಂಗಡಿಯ ಯಂತ್ರದಿಂದ ಆಗಷ್ಟೇ ಇಳಿದ ಬಿಸಿ ಟೋರ್ಟಿಯಾ ತಂದೆ. ನೆಂಟರಿಗೆ ಹಳೆಯದನ್ನು ಇಡುವುದುಂಟೇ ಎಂದು ನನ್ನ ಮನಸ್ಸು. ಅವು ಸ್ಪಂಜಿನಂತೆ ಎಣ್ಣೆ ಕುಡಿದು ಬಾಣಲೆಯಲ್ಲಿ ಅಂಗಾತ ಬಿದ್ದವು. ಬುಧವಾರ ಉಳಿದಿದ್ದ ನಿನ್ನೆಯವನ್ನು ತೆಗೆದುಕೊಂಡೆ. ಸುತ್ತುವಾಗಲೇ ಬಿರುಕು ಬಿಟ್ಟವು. ಅವನ್ನೇ ಬೆಚ್ಚಗಿನ ಎಣ್ಣೆಯಲ್ಲಿ ಎರಡು ಉಸಿರಿನಷ್ಟು ಹೊತ್ತು ಅದ್ದಿ ತೆಗೆದು ಸುತ್ತಿದೆ. ಬಟ್ಟೆಯಂತೆ ಸುತ್ತಿಕೊಂಡವು. ಗೆದ್ದೆ ಅಂದುಕೊಂಡೆ. ಕಾದ ಎಣ್ಣೆಗೆ ಬಿಟ್ಟೊಡನೆ ಒಂದೊಂದೇ ಮೈಮುರಿದು ಬಿಚ್ಚಿಕೊಂಡು ಮಾಂಸವನ್ನೆಲ್ಲ ಕಾರಿದವು.

ಗುರುವಾರ ಅಂಟು ಹಚ್ಚಿದೆ. ನಾನೂ ಬೂಟಿನ ಮೇಲ್ಭಾಗ ಹೊಲಿಯುವವಳು, ಅಂಟು ಬಿಟ್ಟು ಬೇರೆ ಯೋಚನೆ ಹೇಗೆ ಬರಬೇಕು. ಮೈದಾ ಕಲಸಿ ಅಂಚಿಗೆ ಬಳಿದೆ. ಅಂಚು ಕರಕಲಾಯಿತು, ಸುರುಳಿ ತೆರೆದುಕೊಂಡಿತು. ಕೆಟ್ಟದ್ದನ್ನೆಲ್ಲ ತಿನ್ನುವ ಕೆಲಸ ನನ್ನ ಗಂಡ ಫೆರ್ಮಿನ್‌ನದು. ಮೂರು ದಿನವೂ ಒಂದು ಚೂರು ಬಿಡದೆ ತಿಂದ. ಆ ಉಪಕಾರಕ್ಕೆ ಬಡ್ಡಿಯಂತೆ ಒಂದು ಮಾತನ್ನೂ ಆಡಿದ.

"ಇದು ಫ್ಲೌತಾ ಅಲ್ಲ ಕಣೆ, ನಿನ್ನ ಸ್ಕೂಲ್ ಪುಸ್ತಕ. ಮುಟ್ಟಿದ್ರೆ ಸಾಕು, ತೆರ್ಕೊಳ್ಳುತ್ತೆ."

ಆಮೇಲೆ ದನಿ ತಗ್ಗಿಸಿ, ಕಡ್ಡಿ ಚುಚ್ಚಿ ಕರಿದು ಬಡಿಸುವ ಮೊದಲು ಕಿತ್ತರೆ ಯಾರಿಗೆ ತಿಳಿಯುತ್ತದೆ ಎಂದ. ನಿನ್ನ ಅಮ್ಮನಿಗೆ ತಿಳಿಯುತ್ತದೆ ಎಂದೆ. ಹಾಗೆಂದವಳು ಶುಕ್ರವಾರ ಒಂದು ಡಬ್ಬಿ ಹಲ್ಲುಕಡ್ಡಿ ತಂದು ಏಪ್ರನ್ ಜೇಬಿಗೆ ಹಾಕಿಕೊಂಡೆ. ಮುಚ್ಚಿಟ್ಟು ಪ್ರಯೋಜನವಿಲ್ಲ. ಆ ದಿನ ನೋಟ್‌ಬುಕ್ಕಿನಲ್ಲಿ ಏನೂ ಬರೆಯಲಿಲ್ಲ.

ಶನಿವಾರ ಪೂಜೆ ಮಧ್ಯಾಹ್ನ ಒಂದಕ್ಕೆ. ಹತ್ತೂವರೆಗೆ ಮಾಂಸ ಬೆಂದು, ಬಿಡಿಸಿ, ಉಪ್ಪು ಹಾಕಿ ಸಿದ್ಧವಾಗಿತ್ತು. ನಿನ್ನೆಯ ಟೋರ್ಟಿಯಾ ನಲವತ್ತು ಎಣಿಸಿಟ್ಟಿದ್ದೆ. ಜೇಬಿನಲ್ಲಿ ಡಬ್ಬಿ ಗಿಲಕಿಯಂತೆ ಸದ್ದು ಮಾಡುತ್ತಿತ್ತು. ಆಗ ಎದುರುಮನೆಯ ದೋನ್ಯಾ ನಿಕಾಂದ್ರಾ ಕಪ್ಪು ಶಾಲು ಹೊದ್ದು ಅಷ್ಟು ಮುಂಚೆಯೇ ಬಂದಳು. ಅತ್ತೆಯ ಪ್ಲಾಸ್ಟರ್ ಮೇಲೆ ಬೆರಳಿನಿಂದ ತಟ್ಟಿ ನೋಡಿದಳು, ಕಲ್ಲಂಗಡಿ ಹಣ್ಣಾಗಿದೆಯೇ ಎಂದು ನೋಡುವವಳಂತೆ. ಆಮೇಲೆ ನನ್ನ ಕಡೆ ತಿರುಗಿ ದೂರಿದಳು.

"ನಿಮ್ಮತ್ತೆ ಕೈ ಮುರ್ಕೊಂಡು ಲಾಸ್ ಆಗಿದ್ದು ನಂಗೆ. ಫ್ಲೌತಾ ದಿನ ಬಂದ್ರೆ ಸುತ್ತಿಟ್ಟು ನಮ್ಮ ಮೆಟ್ಲಿಗೆ ಬಂದು ಕೂರ್ತಿದ್ಲು. ಬೀದಿ ಸುದ್ದಿಯೆಲ್ಲ ಅವತ್ತೇ ಇತ್ಯರ್ಥ."

ನನ್ನ ಕೈಯಲ್ಲಿದ್ದ ಚಿಮಟ ನಿಂತಿತು. "ಸುತ್ತಿಟ್ಟಾ? ಕರಿದು ಬರ್ತಿರ್ಲಿಲ್ವಾ?"

"ಕರಿದು ಬಂದ್ರೆ ಎಣ್ಣೆ ವಾಸ್ನೆ ಹೊಡೆಯಲ್ವೇನೆ? ಸುತ್ತಿಟ್ಟು ಬರೋಳು. ಚರ್ಚ್ ಗಂಟೆ ಎರಡು ಸಲ ಹೊಡೆದ್ಮೇಲೆ ಅಯ್ಯೋ ಎಣ್ಣೆ ಇಡ್ಬೇಕು ಅಂತ ಏಳೋಳು."

ಚರ್ಚಿನ ಗಂಟೆ ಅರ್ಧ ತಾಸಿಗೊಮ್ಮೆ ಹೊಡೆಯುತ್ತದೆ, ಅಂದರೆ ಹತ್ತಿರ ಹತ್ತಿರ ಒಂದು ತಾಸು. ನನಗೆ ಆ ಹೊತ್ತು ಚೆನ್ನಾಗಿ ನೆನಪಿದೆ. ಅತ್ತೆ ಹರಟೆಗೆ ಹೋದಾಗ ನಾನು ಸಿಂಕಿನ ಮುಂದೆ ಪಾತ್ರೆಗಳನ್ನು ಬೇಕೆಂದೇ ಸದ್ದು ಮಾಡಿ ತೊಳೆಯುತ್ತಿದ್ದೆ, ಯಾವ ಹಂತದಲ್ಲಿ ಎದ್ದರೆಂದು ತಿರುಗಿಯೂ ನೋಡದೆ. ಕೆಲಸದ ನಡುವೆ ಎದ್ದು ಹೋಗುವ ಅವರ ಸ್ವಭಾವವನ್ನು ಹದಿನಾಲ್ಕು ವರ್ಷ ಸೋಮಾರಿತನವೆಂದು ಮನಸ್ಸಿನಲ್ಲೇ ಬರೆದಿಟ್ಟುಕೊಂಡಿದ್ದೆ. ಈಗ ಮೂರು ದಿನ ನಾನು ಮಾಡಿದ್ದೇನು? ಸುತ್ತಿದ ಮರುಗಳಿಗೆಯಲ್ಲೇ ಕರಿದಿದ್ದೆ. ಕೈ ಖಾಲಿ ಬಿಡಬಾರದಲ್ಲ.

ಸುತ್ತಿದ್ದನ್ನು ಎಲ್ಲಿಟ್ಟು ಹೋಗುತ್ತಿದ್ದಿರಿ ಎಂದು ಅತ್ತೆಯನ್ನು ಕೇಳಿದೆ. ಬುಟ್ಟಿಯಲ್ಲಿ ಒತ್ತೊತ್ತಾಗಿ ಜೋಡಿಸಿ, ಕಸೂತಿ ಬಟ್ಟೆಯಲ್ಲಿ ಮುಚ್ಚಿ, ಮೇಲೆ ನಿಮ್ಮ ಮಾವನ ಕಬ್ಬಿಣದ ಪಾದ ಇಟ್ಟು ಎಂದರು. ಬೂಟನ್ನು ತಲೆಕೆಳಗೆ ಸಿಕ್ಕಿಸಿ ಅಟ್ಟೆ ಬಡಿಯುವ ಅಚ್ಚು ಅದು, ಮೂರು ಕಿಲೋಗೆ ಕಡಿಮೆಯಿಲ್ಲ.

"ಅದ್ಯಾಕೆ ಅತ್ತೆ?"

"ಬೆಕ್ಕಿಗೆ ಕಣೆ. ಪಿಂತೊ ಬಟ್ಟೆ ಎಳೆದು ಮಾಂಸ ಕದೀತಿತ್ತಲ್ಲ."

"ಪಿಂತೊ ಸತ್ತು ಮೂರು ವರ್ಷ ಆಯ್ತು."

"ಹೌದಲ್ವಾ," ಎಂದರು. "ಆದ್ರೂ ಇಡ್ತಾನೇ ಇದ್ದೆ."

ನಾನು ಆ ಕಬ್ಬಿಣವನ್ನು ಮಂಗಳವಾರವೇ ಒರೆಸಿ ಸಿಂಕಿನ ಕೆಳಗೆ ಇಟ್ಟಿದ್ದೆ. ಅಡುಗೆಮನೆಯಲ್ಲಿ ಬೂಟಿನ ಅಚ್ಚು ಅದೇಕೆ ದಾರಿಗೆ ಅಡ್ಡ ಎಂದು. ನಾಚಿಕೆಯಾಯಿತು. ಹಸಿ ಚರ್ಮವನ್ನು ಅಚ್ಚಿನ ಮೇಲೆ ಎಳೆದು ಒಂದು ರಾತ್ರಿ ಬಿಡದೆ ತೆಗೆದರೆ ಅದು ಮತ್ತೆ ಚಪ್ಪಟೆಯಾಗುತ್ತದೆ ಎಂದು ಕಾರ್ಖಾನೆಯಲ್ಲಿ ಹೊಸಬರಿಗೆ ಹೇಳಿಕೊಡುವವಳು ನಾನೇ. ಟೋರ್ಟಿಯಾಗೂ ಹಾಗೆಯೇ ಆಕಾರ ಕಲಿಯಲು ಹೊತ್ತು ಬೇಕೆಂದು ನನಗೆ ಇಷ್ಟು ದಿನ ಹೊಳೆದಿರಲಿಲ್ಲ. ಹೊಳೆದದ್ದು ಸರಿಯೇ ಎಂದು ಪರೀಕ್ಷಿಸಲು ಈಗ ಹೊತ್ತೂ ಇಲ್ಲ, ಹೆಚ್ಚಿನ ಮಾಂಸವೂ ಇಲ್ಲ. ಸುತ್ತುವಾಗಲೇ ಕಡ್ಡಿ ಚುಚ್ಚಿದರೆ ಊಟ ನಿಶ್ಚಿಂತೆ. ಚುಚ್ಚದೆ ಇಟ್ಟು ಎಲ್ಲವೂ ಬಿಚ್ಚಿಕೊಂಡರೆ ಹನ್ನೊಂದು ಜನರ ಮುಂದೆ, ಮಾವನ ಹೆಸರಿನ ದಿನ, ಬಾಣಲೆ ತುಂಬ ಚಿಂದಿ.

ಎಣ್ಣೆಯಲ್ಲಿ ಅದ್ದುವುದು, ಮಾಂಸ ಇಡುವುದು, ಸುತ್ತುವುದು. ಪ್ರತಿ ಸಲವೂ ಕೈ ಒಮ್ಮೆ ಜೇಬಿನ ಕಡೆ ಹೋಗಿ ಬರುತ್ತಿತ್ತು. ಅಂಚು ಕೆಳಗೆ ಮಾಡಿ ಬುಟ್ಟಿಯಲ್ಲಿ ಜೋಡಿಸಿದೆ. ನಲವತ್ತೂ ಕಡ್ಡಿಯಿಲ್ಲದೆ ಮುಗಿದಾಗ ಬಟ್ಟೆ ಮುಚ್ಚಿ ಕಬ್ಬಿಣದ ಪಾದವನ್ನು ಮಧ್ಯದಲ್ಲಿಟ್ಟೆ. ನಿಕಾಂದ್ರಾ ಅದನ್ನು ಕಂಡು, ಇನ್ನು ನಡಿ, ಸತ್ತ ಬೆಕ್ಕು ತಿನ್ನಲ್ಲ ಎಂದಳು.

ಪೂಜೆಯಲ್ಲಿ ಪಾದ್ರಿ ಮಾವನ ಹೆಸರು ಹೇಳಿದಾಗ ನಾನು ಎಣ್ಣೆಯ ಬಿಸಿಯ ಲೆಕ್ಕದಲ್ಲಿದ್ದೆ. ಅದಕ್ಕೆ ಆಮೇಲೆ ಬೇರೆಯಾಗಿ ಕ್ಷಮೆ ಕೇಳಿಕೊಂಡೆ.

ಮನೆಗೆ ಬಂದು ಎಣ್ಣೆ ಕಾಯಿಸುವಾಗ ಅತ್ತೆ ಅಡುಗೆಮನೆ ಬಾಗಿಲಲ್ಲಿ ಬಂದು ನಿಂತರು. ಬಟ್ಟೆ ತೆಗೆದೆ. ಸುರುಳಿಗಳು ಒಂದಕ್ಕೊಂದು ಒತ್ತಿಕೊಂಡು ಕೊಂಚ ಚಪ್ಪಟೆಯಾಗಿ, ಕಟ್ಟು ಬಿಗಿದಂತೆ ಮಲಗಿದ್ದವು. ಒಂದನ್ನು ಎತ್ತಿದೆ. ಬಿಚ್ಚಿಕೊಳ್ಳಲಿಲ್ಲ. ಅದು ಎಣ್ಣೆಯ ಹೊರಗೆ, ಅದಕ್ಕೆ ಬೆಲೆಯಿಲ್ಲ. ಅಂಚನ್ನು ಕೆಳಗೆ ಮಾಡಿ ನಾಲ್ಕನ್ನು ಬಾಣಲೆಗೆ ಬಿಟ್ಟು ಚಿಮಟದಿಂದ ಮೆಲ್ಲಗೆ ಒತ್ತಿ ಹಿಡಿದೆ. ಗುಳ್ಳೆಗಳು ಎದ್ದವು. ಚಿಮಟ ತೆಗೆಯಲು ಧೈರ್ಯ ಬರಲಿಲ್ಲ.

"ಬಿಡು," ಎಂದರು ಅತ್ತೆ. "ಹಿಡ್ಕೊಂಡೇ ಇದ್ರೆ ಅದಕ್ಕೇನು ಗೊತ್ತಾಗುತ್ತೆ."

ಬಿಟ್ಟೆ. ನಾಲ್ಕೂ ಹಾಗೆಯೇ ನಿಂತವು. ತಿರುಗಿಸಿದೆ, ಆಗಲೂ. ಹೊಂಬಣ್ಣಕ್ಕೆ ಬಂದ ಮೊದಲನೆಯದನ್ನು ಅತ್ತೆ ಎಡಗೈಗೆ ತೆಗೆದುಕೊಂಡು, ಬಿಸಿ ಎನ್ನದೆ, ಅಂಚಿನ ಉದ್ದಕ್ಕೂ ಹೆಬ್ಬೆರಳು ಎಳೆದರು. ಮಾವ ಹೊಸ ಬೂಟಿನ ಅಟ್ಟೆಯನ್ನು ಹೀಗೆಯೇ ನೋಡುತ್ತಿದ್ದರು. ಆಮೇಲೆ ಅದನ್ನು ಒಯ್ದು, ಪ್ರತಿ ವರ್ಷದಂತೆ, ಮೇಜಿನ ತಲೆಯಲ್ಲಿದ್ದ ಖಾಲಿ ತಟ್ಟೆಯಲ್ಲಿಟ್ಟರು.

ನಲವತ್ತರಲ್ಲಿ ಬಿಚ್ಚಿಕೊಂಡವು ಎರಡು. ಅವನ್ನು ಫೆರ್ಮಿನ್ ಅಭ್ಯಾಸಬಲದಿಂದ ನಿಂತಲ್ಲೇ ತಿಂದ. ಉಳಿದವು ಕೆನೆ, ಚೀಸ್, ಹಸಿರು ಸಾಲ್ಸಾ ಹೊದ್ದು ಮೇಜಿಗೆ ಹೋದವು. ಮಾತು ನಿಂತು ಬರೀ ಕರುಂ ಕರುಂ ಸದ್ದು ಕೇಳಿಸುವಾಗ ನಾನು ಮೊದಲ ಸಲ ಕುಳಿತೆ. ಅತ್ತೆ ನನ್ನ ಕಡೆ ಬಾಗಿದರು.

"ಜೇಬಲ್ಲಿ ಇದ್ಯಲ್ಲ ಡಬ್ಬಿ, ಎಲ್ರದ್ದೂ ಊಟ ಆದ್ಮೇಲೆ ಕೊಡು. ಮಾಂಸ ಹಲ್ಲಿಗೆ ಸಿಕ್ಕೊಂಡಿರುತ್ತೆ."

ನಿನ್ನೆಯಿಂದ ಆ ಗಿಲಕಿ ಅವರಿಗೂ ಕೇಳಿಸಿತ್ತು. ಡಬ್ಬಿಯನ್ನು ಮೇಜಿನ ಮೇಲಿಟ್ಟೆ. ನನ್ನ ಮುಖ ಹೇಗಿತ್ತೋ, ನಿಕಾಂದ್ರಾ ತಲೆಬಗ್ಗಿಸಿ ನಕ್ಕಳು.

ಸಂಜೆ ಪಾತ್ರೆ ತೊಳೆದ ಮೇಲೆ ನೋಟ್‌ಬುಕ್ ತೆರೆದೆ. ಗೆರೆ ಎಳೆದ ಹಾಳೆಗೆ ಬಂದಾಗ ಮತ್ತೆ ಹಳೆಯ ಒದ್ದಾಟ. ಒಂದು ಸಲಕ್ಕೆ ಒಂದನ್ನೇ ಬದಲಿಸಬೇಕಿತ್ತು. ನಾನು ಎರಡು ಬದಲಿಸಿದ್ದೆ, ಹೊತ್ತು ಮತ್ತು ಭಾರ. ಬಿಚ್ಚಿಕೊಂಡ ಎರಡು ಬುಟ್ಟಿಯ ಅಂಚಿನಲ್ಲಿದ್ದವು, ಕಬ್ಬಿಣದ ಪಾದ ಅಲ್ಲಿಗೆ ಮುಟ್ಟಿರಲಿಲ್ಲ. ಆದರೆ ಕೊನೆಯಲ್ಲಿ ಸುತ್ತಿದವೂ ಅವೇ, ಕಡಿಮೆ ಹೊತ್ತು ಮಲಗಿದ್ದವೂ ಅವೇ. ಮೇಷ್ಟ್ರು ಇದಕ್ಕೆ ಅಂಕ ಕೊಡುವುದಿಲ್ಲ. ಅತ್ತೆಗೆ ಹೇಳಿದೆ. ಬರುವ ಭಾನುವಾರ ನಾಲ್ಕನ್ನು ಭಾರವಿಟ್ಟು, ನಾಲ್ಕನ್ನು ಭಾರವಿಡದೆ ಒಂದೇ ಹೊತ್ತು ಬಿಟ್ಟು ನೋಡಬೇಕೆಂದೆ.

"ನೋಡು," ಎಂದರು. "ಆದ್ರೆ ಪಕ್ಕದಲ್ಲಿ ನಿಂತು ಕಾಯ್ಬೇಡ. ನಿಕಾಂದ್ರಾ ಮನೆ ಮೆಟ್ಲಿಗೆ ಹೋಗು."

ಭಾನುವಾರ ಎರಡು ಬುಟ್ಟಿ ಮುಚ್ಚಿಟ್ಟು ಬೀದಿ ದಾಟಿದೆ. ಏನು ಮಾತಾಡಬೇಕೆಂದು ದಾರಿಯುದ್ದಕ್ಕೂ, ಅಂದರೆ ಹನ್ನೆರಡು ಹೆಜ್ಜೆ, ಯೋಚಿಸಿದೆ. ನಿಕಾಂದ್ರಾ ಮೆಟ್ಟಿಲಲ್ಲಿ ಸರಿದು ಜಾಗ ಮಾಡಿದಳು.