ಹಳ್ಳ ಮಗ್ಗುಲು ಬದಲಿಸಿದ ಮೇಲೆ

ಹಿಮ್ಮಡಿ, ಮತ್ತೆ ಹಿಮ್ಮಡಿ, ಬಿರುಕು ಬಿಟ್ಟ ಹಿಮ್ಮಡಿ ಎದ್ದಲ್ಲಿ ಒಂದು ಚೂರು ಧೂಳೂ ಏಳುವುದಿಲ್ಲ, ಹೇಗೆ ನಡೆಯುತ್ತಾಳೆ ಈ ಗುತ್ಯಮ್ಮ, ಅರವತ್ತು ದಾಟಿರಬೇಕು, ನನಗೆ ಮೂವತ್ತನಾಲ್ಕು, ಆದರೂ ಹತ್ತು ಹೆಜ್ಜೆ ಹಿಂದೆ ನಾನೇ, ಏದುಸಿರು ನನ್ನದೇ, ಕಂಕುಳಲ್ಲಿ ಕಾಗದದ ಚೀಲ ಬೇರೆ. ಬೇಗ ಬಾ ಕೆರಿಯಪ್ಪ, ಬಿಸ್ಲು ಏರ್ತೈತಿ ಅನ್ನುತ್ತಾಳೆ, ತಿರುಗಿ ನೋಡುವುದಿಲ್ಲ, ತಿರುಗಿ ನೋಡದಿರುವುದೇ ಒಳ್ಳೆಯದು, ನನ್ನ ಮುಖ ಈಗ ಹೇಗಿದೆಯೋ. ಹನ್ನೊಂದಕ್ಕೆ ಹೊಸನಗರದಲ್ಲಿ ನ್ಯಾಯಮಂಡಳಿ, ಉಳುವವನಿಗೇ ಭೂಮಿ ಅಂತ ಕಾನೂನು ಬಂದು ಎರಡು ವರ್ಷವಾಯಿತು, ಇವತ್ತು ಇವಳ ಅರ್ಜಿ ಕೂಗುತ್ತಾರೆ, ಅರ್ಜಿ ಬರೆದವನು ನಾನು, ತಪ್ಪು ಬರೆದವನೂ ನಾನು, ಅದು ನನಗೆ ಗೊತ್ತಾಗಿ ಎರಡು ಮೈಲಿ ಆಯಿತು, ಅವಳಿಗೆ ಇನ್ನೂ ಗೊತ್ತಿಲ್ಲ. ಹೇಳು, ಈಗ ಹೇಳು, ಆ ಮತ್ತಿಮರ ದಾಟಿದ ಮೇಲೆ ಹೇಳುತ್ತೇನೆ ಅಂದುಕೊಂಡೆ, ಮತ್ತಿಮರ ದಾಟಿತು. ಬೆಳಿಗ್ಗೆ ಅವಳು ನೇರವಾಗಿ ದಾರಿ ಹಿಡಿಯಲಿಲ್ಲ, ಎಲ್ಲಿಗೆ ಹೊರಟರೂ ಮೊದಲು ಗದ್ದೆಗೆ ಒಂದು ಸುತ್ತು, ನಾಲ್ಕೂ ಮೂಲೆಯಲ್ಲಿ ಕಾಲೂರಿ ನಿಂತು ಮುಂದೆ ಹೋಗಬೇಕು, ಅವಳ ಅತ್ತೆ ಹಾಗೆ ಮಾಡುತ್ತಿದ್ದಳಂತೆ, ತೀರಿಹೋದ ಗಂಡ ದುಗ್ಗಪ್ಪನೂ ಹಾಗೇ ಮಾಡುತ್ತಿದ್ದನಂತೆ. ನೀನೂ ಬಾ ಅಂದಳು, ನಾನು ಬದುವಿನ ಮೇಲೇ ನಿಂತೆ, ಚಪ್ಪಲಿ ಕೆಸರಾಗುತ್ತದೆ ಅಂತ, ಅಲ್ಲಿ ನಿಂತವನಿಗೆ ಕಂಡಿತು, ಹಳ್ಳ ಪಡುವಣಕ್ಕಿದೆ. ಅರ್ಜಿಯಲ್ಲಿ ಬರೆದಿದ್ದೇನೆ, ನನ್ನದೇ ದುಂಡಗಿನ ಅಕ್ಷರದಲ್ಲಿ, ಚಕ್ಕುಬಂದಿ, ಮೂಡಕ್ಕೆ ಹಳ್ಳ. ಜಮೀನಿನ ನಾಲ್ಕು ಗಡಿಯಲ್ಲಿ ಒಂದು ತಿರುವುಮುರುವಾದರೆ ಜಮೀನೇ ಬೇರೆ, ನಾನು ಬರೆದ ಪ್ರಕಾರ ಇವಳು ನಲವತ್ತು ವರ್ಷ ನಾಟಿ ಮಾಡಿದ್ದು ಹಳ್ಳದಾಚೆಯ ಕಲ್ಲುಗುಡ್ಡದಲ್ಲಿ, ಒಡೆಯರು ಮುಕುಂದಯ್ಯನವರ ವಕೀಲರು ಎದ್ದು ನಿಂತು, ಈ ಹೆಂಗಸು ಕೇಳುತ್ತಿರುವುದು ಗುಡ್ಡವನ್ನು ಸ್ವಾಮಿ, ಕೊಟ್ಟುಬಿಡಿ, ಅಂದರೆ ಎಲ್ಲರೂ ನಗುತ್ತಾರೆ, ಗದ್ದೆ ಹೋಗುತ್ತದೆ.

ದುಗ್ಗಪ್ಪನ ಹಳೇ ಗೇಣಿಚೀಟಿ ನೋಡಿ ಇಳಿಸಿದ್ದು, ನಾನು ಕೆಲಸ ಮಾಡುವ ಸಾಗರದ ಅಕ್ಕಿಗಿರಣಿಯ ಜಗಲಿಯಲ್ಲಿ ಕೂತು, ಭಾನುವಾರ, ಫ್ಯಾನಿನ ಕೆಳಗೆ, ಎರಡು ಮಳೆಗಾಲದ ಹಿಂದೆ ದೊಡ್ಡ ನೆರೆ ಬಂದು ಹಳ್ಳ ಮಗ್ಗುಲು ಬದಲಿಸಿದ್ದು ಚೀಟಿಗೆ ಹೇಗೆ ಗೊತ್ತಾಗಬೇಕು. ಓದಿ ಹೇಳಲಾ ಅಂದಿದ್ದೆ, ಅಂದಿದ್ದು ಹೌದು, ನೀ ಬರ್ದಿದ್ದಲ್ವಾ ತಮ್ಮಾ, ಸರೀನೇ ಇರ್ತೈತಿ ಅಂತ ಹೆಬ್ಬೆಟ್ಟು ಒತ್ತಿಬಿಟ್ಟಳು, ಆದರೂ ಓದಬೇಕಿತ್ತು, ಸಂಜೆ ಶಾಲೆಯಲ್ಲಿ ಕಲಿತವನ ಗತಿ ಇಷ್ಟೇ, ಯಾರಾದರೂ ನಂಬಿದರೆ ಸಾಕು, ಪಾಸಾದಷ್ಟೇ ಸಂತೋಷ. ಸಂಜೆ ಶಾಲೆ – ಗಿರಣಿ ಬಿಟ್ಟು ಮೂರು ಮೈಲಿ ನಡೆದು ಹೋಗುತ್ತಿದ್ದೆ, ಬೆಂಚಿನ ಮೇಲೆ ಕೂತಾಗ ಒಂದೂ ತಲೆಗೆ ಹತ್ತುತ್ತಿರಲಿಲ್ಲ, ಮೇಷ್ಟರ ಪ್ರಶ್ನೆಗೆ ನಾಲಿಗೆ ಒಣಗುತ್ತಿತ್ತು, ವಾಪಸು ಬರುವಾಗ ಇಕ್ಕೇರಿ ರಸ್ತೆಯ ಏರಿನಲ್ಲಿ ಮಾತ್ರ, ಹೆಜ್ಜೆಗೊಂದರಂತೆ, ಪಾಠ ತಾನಾಗಿ ಬಿಚ್ಚಿಕೊಳ್ಳುತ್ತಿತ್ತು, ವಿಭಕ್ತಿ ಪ್ರತ್ಯಯ, ಬೀಜಗಣಿತ, ಪಾಸಾಗಿದ್ದು ನಾನಲ್ಲ, ನನ್ನ ಕಾಲು ಅಂತ ಎಷ್ಟು ಸಲ ಅನ್ನಿಸಿದೆ. ತೀರ್ಥಹಳ್ಳಿಯಲ್ಲಿ ಅಪ್ಪನ ಬೂದಿ ಬಿಟ್ಟ ದಿನವೂ ಬಸ್ಸು ಹತ್ತದೆ ತುಂಗೆಯ ದಂಡೆ ಹಿಡಿದು ಹೋದೆ, ಎಷ್ಟು ದೂರವೋ, ಅಳು ಎಲ್ಲಿ ಬಂತು ಎಲ್ಲಿ ನಿಂತಿತು ತಿಳಿಯಲಿಲ್ಲ, ತಿರುಗಿ ಬರುವಾಗ ಹಸಿವಾಗಿತ್ತು, ಹಸಿವಾದದ್ದಕ್ಕೆ ನಾಚಿಕೆಯೂ ಆಗಲಿಲ್ಲ. ಕಾಲಿನ ಮೇಲೆ ಇಷ್ಟು ಋಣ ಇಟ್ಟುಕೊಂಡವನು ಬರೆಯುವಾಗ ಮಾತ್ರ ಯಾಕೆ ಕೂತುಬಿಟ್ಟೆ. ಮುಂದೆ ಇವಳು, ಏರು ಬಂದರೂ ಅದೇ ಗತಿ, ಇಳಿತ ಬಂದರೂ ಅದೇ, ದಾರಿಗಡ್ಡ ಬಿದ್ದ ಮರವನ್ನು ಬೈಯುವುದಿಲ್ಲ, ಬಳಸಿ ಹೋಗುತ್ತಾಳೆ, ಅವಳ ಹಿಂದೆ ನಡೆಯುತ್ತ ನಡೆಯುತ್ತ ನನ್ನ ಉಸಿರೂ ಅವಳ ಹೆಜ್ಜೆಗೆ ಹೊಂದಿಕೊಂಡಿತು, ಎದೆಯ ಗಂಟು ಒಂದು ಸುತ್ತು ಸಡಿಲವಾಯಿತು, ಇನ್ನೊಂದು ಸುತ್ತು, ಆಮೇಲೆ ನೋಡಿದರೆ ಬಾಯಿ ತಾನೇ ಹೇಳುತ್ತಿದೆ, ಅಕ್ಕಾ, ನಿಲ್ಲು, ನಾನು ತಪ್ಪು ಬರೆದಿದ್ದೇನೆ, ಹಳ್ಳ ಮೂಡಕ್ಕಿದೆ ಅಂತ ಬರೆದಿದ್ದೇನೆ.

ನಿಂತಳು. ತಿರುಗಿದಳು, ಬೆಳಿಗ್ಗೆಯಿಂದ ಮೊದಲ ಸಲ. ಬೈಯುತ್ತಾಳೆ, ಅಳುತ್ತಾಳೆ, ಎರಡಕ್ಕೂ ತಯಾರಾಗಿದ್ದೆ. ಸೆರಗಿನ ತುದಿಯಿಂದ ಮುಖ ಒರೆಸಿಕೊಂಡು, ನಂದೊಂದೇನಾ, ಅಂದಳು. ಅದಕ್ಕೆ ತಯಾರಾಗಿರಲಿಲ್ಲ. ಹದಿನೇಳು ಅರ್ಜಿ ಬರೆದಿದ್ದೇನೆ, ವಾಸಪ್ಪನದು, ಹೂವಮ್ಮನದು, ನಿಟ್ಟೂರಿನ ಕಡೆಯ ಆರು, ಎಲ್ಲವೂ ಜಗಲಿಯಲ್ಲಿ, ಒಂದು ಗದ್ದೆಗೂ ಕಾಲಿಟ್ಟಿಲ್ಲ, ಗೊತ್ತಿಲ್ಲ ಅಕ್ಕಾ ಅಂದೆ. ಗೊತ್ತಿಲ್ದೆ ಹೆಂಗ್ ಬರ್ದ್ಯಾ ಮಾರಾಯ, ಹುಡ್ಗಿ ನೋಡ್ದೆ ಮದ್ವಿ ಮಾಡ್ಕಂಡಂಗೆ ಆತಲ್ಲಾ, ಅಂತ ನಕ್ಕುಬಿಟ್ಟಳು, ನಗು ಅರ್ಧಕ್ಕೆ ನಿಂತಿತು, ಈಗ ಎಂತ ಮಾಡದು ಅಂದಳು. ತಿದ್ದುಪಡಿ ಬರೆಯಬೇಕು, ಅದಕ್ಕೆ ಗಡಿ ನೋಡಬೇಕು, ವಾಪಸು ಹೋದರೆ ಹನ್ನೊಂದು ಮೀರುತ್ತದೆ, ಹೆಸರು ಕೂಗಿಬಿಟ್ಟರೆ, ಅನ್ನುತ್ತ ನಾನು ಇನ್ನೂ ಲೆಕ್ಕ ಹಾಕುತ್ತಿದ್ದೆ, ಅವಳು ಆಗಲೇ ನನ್ನನ್ನು ದಾಟಿ ಬಂದ ದಾರಿಯಲ್ಲೇ ಹೊರಟಿದ್ದಳು, ಕೂಗಿದ್ರೆ ಕೂಗ್ಲಿ, ಕಾಲಿಗೆ ಎಂತ ಆಗೈತಿ ನಿಂಗೆ, ಬಾ. ಎರಡು ಮೈಲಿ ಹಿಂದಕ್ಕೆ, ಬಂದದ್ದಕ್ಕಿಂತ ಚಿಕ್ಕದಾಗಿ ಕಂಡಿತು ದಾರಿ, ಹೆದರಿಕೆಯೆಲ್ಲ ಹೇಳಿ ಮುಗಿಸಿದವನಿಗೆ ಭಾರವೇ ಇಲ್ಲ. ಈ ಸಲ ಗದ್ದೆಗೆ ಇಳಿದೆ, ಬರಿಗಾಲಲ್ಲಿ, ಬಡಗಣ ಮೂಲೆಯಲ್ಲಿ ಕೆಸರು ತಣ್ಣಗೆ ಬೆರಳ ಸಂದಿನಲ್ಲಿ ಏರಿತು, ಮೂಡಣ ಅಂಚು ದಾಟಿದರೆ ಅಂಗಾಲಿಗೆ ಉರುಟು ಕಲ್ಲು, ನುಣ್ಣನೆಯ ಕಲ್ಲು, ಒಂದು, ಹತ್ತು, ಮರಳು, ಅಂಗಾಲೇ ಹೇಳಿತು, ಇಲ್ಲಿ ನೀರು ಹರಿಯುತ್ತಿತ್ತು. ಅಕ್ಕಾ, ಹಳ್ಳ ಇದು, ಸತ್ತ ಹಳ್ಳ, ಅಂತ ಕೂಗಿದೆ, ಯಾವತ್ತೂ ಕೂಗದವನು. ಅವಳು ಅಷ್ಟರಲ್ಲಿ ಪಡುವಣ ಗಡಿಗೆ ಹೋಗಿ ಹೊಸ ಹಳ್ಳದ ನಡುವೆ ಇಳಿದಿದ್ದಳು, ಸೀರೆ ಮೊಳಕಾಲಿಗೆ ಎತ್ತಿ ಕಟ್ಟಿ, ನೀರು ಅವಳ ಕಾಲನ್ನು ಸೀಳಿಕೊಂಡು ಹೋಗುತ್ತಿತ್ತು, ಒಂದು ಕೈ ಸೊಂಟದ ಮೇಲೆ, ಇನ್ನೊಂದು ಕೈ ನನ್ನ ಕಡೆಗೆ, ಅಲ್ಲಿಂದ ಇಲ್ಲಿಗೆ ಬಂದೈತಿ, ನೋಡ್ಕ, ಬರಿ.

ಬರೆದೆ, ನಿಂತುಕೊಂಡೇ, ಒಂದು ಕಾಲು ಬದುವಿನ ಮೇಲೆ ಊರಿ, ತೊಡೆಯ ಮೇಲೆ ಕಾಗದ ಇಟ್ಟು. ಹೊಸನಗರ ತಲುಪಿದಾಗ ಹನ್ನೆರಡಾಗಿತ್ತು, ಅವಳ ಹೆಸರು ಒಮ್ಮೆ ಕೂಗಿ ಕೊನೆಗೆ ತಳ್ಳಿದ್ದರು, ಈಗ ಎರಡನೇ ಸಲ ಕೂಗಿದ್ದಾರೆ, ನಿಂತಿದ್ದೇವೆ, ಉದ್ದ ಮೇಜು, ಅದರಾಚೆ ಐದು ಮುಖ, ವಕೀಲರು ಆಗಲೇ ಎದ್ದಿದ್ದಾರೆ, ಅರ್ಜಿಯಲ್ಲೊಂದು, ತಿದ್ದುಪಡಿಯಲ್ಲೊಂದು, ರಾತ್ರೋರಾತ್ರಿ ಹಳ್ಳ ಹೊತ್ತುಕೊಂಡು ಹೋದರಾ ಸ್ವಾಮಿ ಅನ್ನುತ್ತಾರೆ, ಯಾರೋ ನಗುತ್ತಾರೆ, ಅರ್ಜಿ ಬರೆದವರು ಯಾರು ಅನ್ನುತ್ತಾರೆ ಅಧ್ಯಕ್ಷರು. ನಾನೇ ಸ್ವಾಮಿ ಅನ್ನುತ್ತೇನೆ. ಬರೆಯುವಾಗ ಜಾಗ ನೋಡಿದ್ದಿರಾ. ನಾಲಿಗೆ ಒಣಗುತ್ತದೆ, ಸಂಜೆ ಶಾಲೆಯ ಬೆಂಚಿನ ಮೇಲೆ ಒಣಗುತ್ತಿದ್ದ ಹಾಗೇ, ಇಲ್ಲ ಸ್ವಾಮಿ, ನೋಡದೆ ಬರೆದೆ, ಇನ್ನೂ ಹದಿನಾರು ಬರೆದಿದ್ದೇನೆ, ಅವನ್ನೂ ನೋಡಿಲ್ಲ, ನಡೆದು ನೋಡಿ ಬರುತ್ತೇನೆ, ಒಂದೊಂದನ್ನೂ. ಹಿಂದಿನ ಸಾಲಿನಲ್ಲಿ ವಾಸಪ್ಪ ಕೂತಿದ್ದಾನೆ, ಕೇಳಿಸಿಕೊಂಡ, ಕೇಳಲಿ. ಹಾಗಾದರೆ ಇದು, ಈ ಹಳ್ಳ, ಇದು ಸರಿ ಅಂತ ಹೇಗೆ ಹೇಳುತ್ತೀರಿ, ಅಧ್ಯಕ್ಷರು ಪೆನ್ನಿನ ತುದಿಯನ್ನು ಕಾಗದದ ಮೇಲೆ ಇಟ್ಟು ಕಾಯುತ್ತಿದ್ದಾರೆ, ಹೇಳಬೇಕು, ಬಡಗಣದಿಂದ ಶುರು ಮಾಡಬೇಕು, ಉರುಟು ಕಲ್ಲು, ಮರಳು, ನೆರೆ ಬಂದ ವರ್ಷ, ಯಾವುದೂ ಸಾಲಾಗಿ ಬರುವುದಿಲ್ಲ, ಬರುವುದು ಒಂದೇ, ನೀರಿನ ನಡುವೆ ಅವಳು, ಮೊಳಕಾಲವರೆಗೆ, ನಡೆದು ನೋಡಿದೆ ಸ್ವಾಮಿ ಅನ್ನುತ್ತೇನೆ, ನೀರಿನ ನಡುವೆ ಅವಳು, ಕೈ ಚಾಚಿ, ನೀರು ಎರಡಾಗಿ ಸೀಳಿ ಹೋಗುತ್ತಿದೆ, ಅವಳು ನಿಂತಿದ್ದಾಳೆ –