ಅರವತ್ತನಾಲ್ಕು ಪೆಟ್ಟಿಗೆ

ನಾನು ಲಿಫ್ಟ್ ತಪಾಸಣೆ ಮಾಡುವವನು. ನನ್ನ ರುಜು ಬೀಳದೆ ನಮ್ಮ ಊರಿನ ಯಾವ ಲಿಫ್ಟೂ ಜನರನ್ನು ಹತ್ತಿಸಿಕೊಳ್ಳುವ ಹಾಗಿಲ್ಲ. ಈ ಅಧಿಕಾರ ತಲೆಗೇರಿ ಹತ್ತೊಂಬತ್ತು ವರ್ಷವಾಯಿತು. ಗುಂಡಿಗಳ ಫಲಕದಲ್ಲಿ ಒಂದು ತಿರುಪು ಸಡಿಲವಿದೆ ಎಂದು ಆರು ಮಹಡಿಯ ಆಫೀಸೊಂದರ ಜನರನ್ನೆಲ್ಲ ಎರಡು ದಿನ ಮೆಟ್ಟಿಲು ಹತ್ತಿಸಿದ್ದೇನೆ. ಫಿಟ್ಟರುಗಳು ಬೆನ್ನ ಹಿಂದೆ ನನ್ನನ್ನು ‘ತಿರುಪು ಸಾಹೇಬ’ ಎನ್ನುತ್ತಾರೆ. ಅದು ಹೊಗಳಿಕೆ ಎಂದೇ ನಾನು ಬಹಳ ದಿನ ತಿಳಿದಿದ್ದೆ.

ಅಕ್ಕ ನನಗಿಂತ ನಾಲ್ಕು ವರ್ಷ ದೊಡ್ಡವಳು. ಕೋಟು ಹೊಲಿಯುವ ಅಂಗಡಿ ಇಟ್ಟಿದ್ದಾಳೆ. ಮೇಲಿನ ಹಲಗೆಯಿಂದ ಬಟ್ಟೆಯ ಥಾನು ತೆಗೆಯಲು ಸ್ಟೂಲು ಹತ್ತಿದವಳು ಥಾನಿನ ಸಮೇತ ಕೆಳಗೆ ಬಂದಳು. ಬಲಗಾಲಿನ ಹರಡಿನ ಮೂಳೆ ಮುರಿಯಿತು. ಆಸ್ಪತ್ರೆಯಲ್ಲಿ ಆಪರೇಷನ್ ಮಾಡಿ, ಒಳಗೊಂದು ಲೋಹದ ಪಟ್ಟಿ ಕೂರಿಸಿ ಜೋಡಿಸಿ, ಎರಡು ತಿಂಗಳು ಕಾಲೂರಬಾರದು ಎಂದರು. ಅವಳ ಮನೆ ಮೂರನೇ ಮಹಡಿಯಲ್ಲಿ, ಆ ಕಟ್ಟಡಕ್ಕೆ ಲಿಫ್ಟಿಲ್ಲ. ತಮ್ಮನ ಕೆಲಸ ಏನೆಂದು ಕೇಳಿ ತಿಳಿದುಕೊಂಡ ನರ್ಸು ಬ್ಯಾಂಡೇಜು ಸುತ್ತುತ್ತಲೇ ಮುಖ ಆಚೆ ತಿರುಗಿಸಿ ನಕ್ಕಳು. ನಮ್ಮದು ನೆಲಮಹಡಿ. ಹಾಗಾಗಿ ಅಕ್ಕ ನಮ್ಮ ಮನೆಯ ಕಿಟಕಿ ಪಕ್ಕದ ಮಂಚಕ್ಕೆ ಬಂದಳು.

ಮೂರು ದಿನಕ್ಕೇ ಅವಳಿಗೆ ಬೇಜಾರು ಹಿಡಿಯಿತು. ದಿನವಿಡೀ ಕಾಲಲ್ಲಿ ಮೆಷಿನ್ನು ತುಳಿಯುವವಳನ್ನು ದಿಂಬಿನ ಮೇಲೆ ಕಾಲಿಟ್ಟು ಕೂರಿಸಿದರೆ ಇನ್ನೇನಾಗುತ್ತದೆ? ನನ್ನ ಹೆಂಡತಿಯ ಸೀರೆಯ ಅಂಚು, ದಿಂಬಿನ ಗವಸು, ಪರದೆ, ಕೈಗೆ ಸಿಕ್ಕಿದ್ದನ್ನೆಲ್ಲ ಕೈಹೊಲಿಗೆ ಹಾಕಿ ಮುಗಿಸಿದಳು. ಆಗ ನಾನು ಅಟ್ಟದಿಂದ ಕೈಯಲ್ಲಿ ಹಿಡಿದು ಆಡುವ ನಮ್ಮ ಹಳೆಯ ವಿಡಿಯೋ ಗೇಮಿನ ಯಂತ್ರ ಇಳಿಸಿದೆ. ಅಂಗೈಯಗಲದ ಪರದೆ, ಎರಡು ಗುಂಡಿ, ಬೆನ್ನಿಗೆ ಸಿಕ್ಕಿಸುವ ಒಂದೇ ಒಂದು ಕ್ಯಾಸೆಟ್ಟು. ಚಿಕ್ಕಂದಿನಲ್ಲಿ ಸರದಿಗಾಗಿ ನಾವು ಕೂದಲು ಹಿಡಿದು ಎಳೆದಾಡಿದ್ದು ಇದಕ್ಕೇ.

ಆಟ ಇಷ್ಟೇ: ಕತ್ತಲು ಕವಿದ ದ್ವೀಪ, ದೀಪ ಹಚ್ಚುತ್ತ ಹೋಗುವ ಒಬ್ಬ ಹುಡುಗಿ. ದ್ವೀಪದಲ್ಲಿ ಅರವತ್ತನಾಲ್ಕು ಪೆಟ್ಟಿಗೆಗಳಿವೆ. ಒಂದರಲ್ಲಿ ಹಗ್ಗ, ಒಂದರಲ್ಲಿ ಸುತ್ತಿಗೆ, ಒಂದರಲ್ಲಿ ಲಾಟೀನು. ಹಗ್ಗ ಸಿಕ್ಕರೆ ಬಂಡೆ ಹತ್ತಬಹುದು, ಲಾಟೀನು ಸಿಕ್ಕರೆ ಗವಿಗೆ ನುಗ್ಗಬಹುದು, ದೋಣಿಯ ಹುಟ್ಟು ಸಿಕ್ಕರೆ ಹೊಳೆ ದಾಟಬಹುದು.

ಅಕ್ಕ ಅದನ್ನು ಒಂದೇ ಮಧ್ಯಾಹ್ನ ಮುಗಿಸಿ ಕೆಳಗಿಟ್ಟಳು.

“ಬಾವಿ ಹಿಂದೆ ಹಗ್ಗ, ಗಿರಣಿ ಒಳಗೆ ಲಾಟೀನು. ಕಣ್ಣು ಮುಚ್ಚಿಕೊಂಡೇ ಆಡಬಹುದು ಕಣೋ. ಇದು ಆಟ ಅಲ್ಲ, ಬಾಯಿಪಾಠ ಒಪ್ಪಿಸಿದ ಹಾಗೆ.”

“ಪೆಟ್ಟಿಗೆಗಳಲ್ಲಿರೋದನ್ನೆಲ್ಲ ಕಲಸಿಬಿಟ್ಟರೆ?” ಎಂದೆ.

“ಕಲಸೋದು ಅಂದರೆ?”

“ಇಸ್ಪೀಟೆಲೆ ಕಲಸಿದ ಹಾಗೆ. ಯಾವುದರಲ್ಲಿ ಏನಿದೆ ಅಂತ ನಿನಗೂ ಗೊತ್ತಿರಲ್ಲ, ನನಗೂ ಗೊತ್ತಿರಲ್ಲ. ನಾನು ಮಾಡಿಕೊಡ್ತೀನಿ ಬಿಡು, ಅದೇನು ಮಹಾ.”

ಬಾಗಿಲಲ್ಲಿದ್ದ ನನ್ನ ಹೆಂಡತಿ ನನ್ನ ಕಡೆ ಒಮ್ಮೆ ನೋಡಿದಳು. ಹೋದ ವರ್ಷ ಮಿಕ್ಸಿ ರಿಪೇರಿ ಮಾಡುತ್ತೇನೆಂದು ಬಿಚ್ಚಿದಾಗಲೂ ಅವಳು ಹೀಗೇ ನೋಡಿದ್ದಳು.

ಕ್ಯಾಸೆಟ್ಟಿನಲ್ಲಿರುವುದನ್ನು ಕಂಪ್ಯೂಟರಿಗೆ ಇಳಿಸಿಕೊಳ್ಳುವ ಪುಟ್ಟ ಪೆಟ್ಟಿಗೆ, ಮತ್ತೆ ಮತ್ತೆ ಬರೆಯಬಹುದಾದ ಖಾಲಿ ಕ್ಯಾಸೆಟ್ಟು, ಎರಡನ್ನೂ ತರಿಸಿದೆ. ಒಳಗಿಂದ ನೋಡಿದರೆ ಆಟವೆಂದರೆ ಉದ್ದಾನುದ್ದ ಅಂಕಿಗಳ ಸಾಲು. ಅದರಲ್ಲಿ ಪೆಟ್ಟಿಗೆಗಳ ಪಟ್ಟಿ ಎಲ್ಲಿದೆ ಎಂದು ಹುಡುಕುವುದಕ್ಕೇ ಎರಡು ಭಾನುವಾರದ ಬೆಳಗು ಹೋಯಿತು. ಮೊದಲ ಪ್ರಯತ್ನದಲ್ಲಿ ಅರವತ್ತನಾಲ್ಕೂ ಪೆಟ್ಟಿಗೆಗಳಲ್ಲಿ ಪೊರಕೆ ಬಂತು. ಎರಡನೆಯದರಲ್ಲಿ ಹುಡುಗಿಯ ತಲೆ ಇರಬೇಕಾದ ಕಡೆ ಒಂದು ಬಾಗಿಲು ಕೂತಿತ್ತು. ಅವಳು ಆ ಬಾಗಿಲನ್ನು ಹೊತ್ತುಕೊಂಡೇ ದ್ವೀಪವೆಲ್ಲ ಸುತ್ತಿದಳು. ಮೂರನೆಯ ಸಲ ಪಟ್ಟಿ ಸಿಕ್ಕಿತು. ಅದರಲ್ಲಿರುವ ಅಂಕಿಗಳನ್ನು ಕಲಸಿ ಮತ್ತೆ ಜೋಡಿಸುವ ಒಂದು ಚಿಕ್ಕ ಪ್ರೋಗ್ರಾಮು ಬರೆದೆ. ಹನ್ನೆರಡು ಸಾಲು. ಹನ್ನೆರಡೇ ಸಾಲು ನೋಡು ಎಂದು ಹೆಂಡತಿಗೆ ಮೂರು ಸಲ ಹೇಳಿದೆ.

ಕ್ಯಾಸೆಟ್ಟು ಸಿಕ್ಕಿಸಿ ಅಕ್ಕನ ಕೈಗಿಟ್ಟಾಗ ನನ್ನ ಮುಖದಲ್ಲಿ ದ್ವೀಪಕ್ಕೆ ನಾನೇ ದೀಪ ಹಚ್ಚಿದ ಕಳೆ ಇದ್ದಿರಬೇಕು. ಮೊದಲ ಪೆಟ್ಟಿಗೆಯಲ್ಲಿ ಸಿಗುತ್ತಿದ್ದದ್ದು ಒಂದು ಕೋಲು. ಈಗ ಆಟದ ಕೊನೆಗೆ ಸಿಗಬೇಕಾದ ಕಿರೀಟವೇ ಸಿಕ್ಕಿತು.

“ಕೆಲಸಕ್ಕೆ ಮುಂಚೆ ಕಿರೀಟ ಹಾಕಿಬಿಟ್ಟರಲ್ಲೋ,” ಎಂದು ಅಕ್ಕ ನಕ್ಕಳು. ಬಿದ್ದ ಮೇಲೆ ಅವಳು ಹಾಗೆ ನಕ್ಕಿದ್ದು ಅದೇ ಮೊದಲು.

ಮೂರು ದಿನ ಮನೆಯಲ್ಲಿ ಹಬ್ಬ. ಆಫೀಸಿನಿಂದ ಬಂದು ಚಪ್ಪಲಿ ಬಿಡುವ ಮೊದಲೇ ವರದಿ: ಗಿರಣಿಯಲ್ಲಿ ಏನಿತ್ತು, ಬಂಡೆಯ ಮೇಲೆ ಏನು ಸಿಕ್ಕಿತು. ನಾಲ್ಕನೇ ದಿನ ವರದಿ ಇರಲಿಲ್ಲ. ಐದನೇ ದಿನ ಅಕ್ಕ ಕೇಳಿದಳು.

“ಹುಟ್ಟು ಎಲ್ಲೂ ಸಿಗ್ತಿಲ್ಲ ಕಣೋ. ಏನೋ ಬಿಟ್ಟುಹೋಗಿದೆ ಅಂತ ಕಾಣುತ್ತೆ.”

ನಾನು ಕಾಫಿ ಹೀರುತ್ತ, ಫಿಟ್ಟರುಗಳ ಜೊತೆ ಮಾತಾಡುವ ದನಿಯಲ್ಲೇ ಹೇಳಿದೆ: “ಸರಿಯಾಗಿ ಹುಡುಕಬೇಕಕ್ಕ. ಕೈಗೆ ಸಿಗೋ ಹಾಗೆ ಇದ್ದರೆ ಆಟ ಹೇಗಾಗುತ್ತೆ? ಗಮನ ಕೊಡು ಸ್ವಲ್ಪ.”

ಅವಳು ಮತ್ತೆ ಹುಡುಕಿದಳು. ತೆರೆದ ಪೆಟ್ಟಿಗೆಗಳ ಹತ್ತಿರವೇ ಹೋಗಿ ನಿಂತಳು. ಗೋಡೆಗಳಿಗೆ ಹುಡುಗಿಯನ್ನು ಡಿಕ್ಕಿ ಹೊಡೆಸಿದಳು. ಆರನೇ ದಿನ, ಕಾಲಿನ ಹೊಲಿಗೆ ಬಿಚ್ಚಿಸಲು ಆಸ್ಪತ್ರೆಗೆ ಹೋಗಿ ಬಂದ ಮೇಲೆ, ಯಂತ್ರ ಪಕ್ಕಕ್ಕಿಟ್ಟು ಕಿಟಕಿ ನೋಡುತ್ತ ಮಲಗಿದಳು. ಕಾಲು ನೋಯುತ್ತಿರಬೇಕು ಎಂದುಕೊಂಡೆ.

ಒಂಬತ್ತನೇ ದಿನ ನಾನೊಂದು ಬಟ್ಟೆ ಗೋದಾಮಿನ ಲಿಫ್ಟು ನೋಡಲು ಹೋಗಿದ್ದೆ. ಮೇಲಿನ ಮೋಟಾರು ಕೋಣೆಗೆ ಬೀಗ. ಬೀಗದ ಕೈ ಎಲ್ಲಿ ಎಂದೆ. ಕಾವಲುಗಾರ ತಲೆ ಕೆರೆದುಕೊಂಡ.

“ಒಳಗೇ ಇದೆ ಸಾರ್. ಮೊಳೆಗೆ ನೇತುಹಾಕಿದ್ದೀವಿ, ಕಳೆದುಹೋಗಬಾರದು ಅಂತ. ಬಾಗಿಲು ಎಳೆದರೆ ತಾನೇ ಬೀಗ ಬಿದ್ದುಬಿಟ್ಟಿತು.”

ಬೈಯಲು ಬಾಯಿ ತೆರೆದೆ. ‘ಈ ಬಾಗಿಲಿನ ಬೀಗದ ಕೈಯನ್ನು ಈ ಬಾಗಿಲ ಒಳಗೇ ಇಡೋರಿದ್ದಾರೇನ್ರಿ’ ಎಂಬ ವಾಕ್ಯ ನಾಲಗೆಯ ತುದಿಗೆ ಬಂದಿತ್ತು. ಅಲ್ಲೇ ನಿಂತಿತು. ದೋಣಿಯ ಹುಟ್ಟು ನೆನಪಾಯಿತು.

ಮನೆಗೆ ಬಂದವನೇ ಕಂಪ್ಯೂಟರು ತೆರೆದು, ಕಲಸಿದ ಪಟ್ಟಿ ನೋಡಿದೆ. ಹುಟ್ಟು ಐವತ್ತೆಂಟನೇ ಪೆಟ್ಟಿಗೆಯಲ್ಲಿತ್ತು. ಐವತ್ತೆಂಟನೇ ಪೆಟ್ಟಿಗೆ ಹೊಳೆಯ ಆಚೆ ದಡದಲ್ಲಿತ್ತು. ಹುಟ್ಟಿಲ್ಲದೆ ಆ ದಡಕ್ಕೆ ಯಾರೂ ಹೋಗಲಾರರು. ‘ಮಾಡಿ ಮುಗಿಸಿದ ಮೇಲೆ ನೀವೇ ಒಂದು ಸಲ ಹತ್ತಿ ಇಳಿದು ನೋಡಬೇಕು’ ಎಂದು ಹತ್ತೊಂಬತ್ತು ವರ್ಷ ಊರಿನ ಫಿಟ್ಟರುಗಳ ಪ್ರಾಣ ತಿಂದವನು, ತನ್ನ ಹನ್ನೆರಡು ಸಾಲನ್ನು ಒಂದು ಸಲವೂ ಹತ್ತಿ ನೋಡಿರಲಿಲ್ಲ.

ಮರ್ಯಾದಸ್ಥನಾಗಿದ್ದರೆ ಪಕ್ಕದ ಕೋಣೆಗೆ ಹೋಗಿ ‘ಅಕ್ಕ, ತಪ್ಪಾಯಿತು’ ಎನ್ನುತ್ತಿದ್ದೆ. ಹತ್ತು ಹೆಜ್ಜೆಯ ದಾರಿ. ಬದಲಿಗೆ ನಾನೊಂದು ಉಪಾಯ ಹೂಡಿದೆ. ಪಟ್ಟಿ ಸರಿಮಾಡಿ ಕ್ಯಾಸೆಟ್ಟಿಗೆ ಹೊಸದಾಗಿ ಬರೆದರೆ ಅವಳು ಒಂಬತ್ತು ದಿನ ಆಡಿದ್ದೆಲ್ಲ ಅಳಿಸಿಹೋಗುತ್ತದೆ. ಆದ್ದರಿಂದ ಇನ್ನೊಂದು ಖಾಲಿ ಕ್ಯಾಸೆಟ್ಟಿನಲ್ಲಿ ಸರಿಯಾದ ಆಟ ಬರೆದು, ನಾನೇ ಕೂತು ಅವಳು ನಿಂತ ಜಾಗದವರೆಗೆ ಆಡಿ, ಗೊತ್ತಾಗದಂತೆ ಕ್ಯಾಸೆಟ್ಟು ಬದಲಾಯಿಸಿಬಿಡುವುದು. ಹುಟ್ಟನ್ನು ಎಲ್ಲೋ ಒಂದು ಪೊದೆಯ ಹಿಂದಿನ ಪೆಟ್ಟಿಗೆಯಲ್ಲಿಟ್ಟರೆ, ‘ನೋಡಿದೆಯಾ, ಗಮನ ಕೊಡು ಅಂದೆ’ ಎನ್ನಲೂ ದಾರಿ ಇತ್ತು. ಇಷ್ಟು ನೀಚತನಕ್ಕೆ ನನಗೆ ಅರ್ಧ ಗಂಟೆಯೂ ಬೇಕಾಗಲಿಲ್ಲ.

ಮರುದಿನ ಬೆಳಿಗ್ಗೆ ಅಕ್ಕನಿಗೆ ಎಕ್ಸ್‌ರೇ ಇತ್ತು. ನನ್ನ ಹೆಂಡತಿ ಅವಳನ್ನು ಆಟೋದಲ್ಲಿ ಕರೆದುಕೊಂಡು ಹೋದಳು. ನಾನು ಹೊಟ್ಟೆನೋವೆಂದು ಆಫೀಸಿಗೆ ಫೋನು ಮಾಡಿ, ಅಕ್ಕನ ಮಂಚದ ಮೇಲೆ ಚಕ್ಕಳಮಕ್ಕಳ ಹಾಕಿ ಕೂತೆ.

ಆದರೆ ಒಂದು ವಿಷಯ ಲೆಕ್ಕಕ್ಕೆ ತೆಗೆದುಕೊಂಡಿರಲಿಲ್ಲ. ಚಿಕ್ಕಂದಿನಲ್ಲಿ ಕಷ್ಟದ ಜಾಗ ಬಂದಾಗಲೆಲ್ಲ ಯಂತ್ರವನ್ನು ಅಕ್ಕನ ಕೈಗೆ ಕೊಡುತ್ತಿದ್ದೆ. ಗಿರಣಿಯ ಬಾಗಿಲಲ್ಲಿ ಒಂದು ನಾಯಿ ಇದೆ. ಮೂವತ್ತು ವರ್ಷದ ಹಿಂದೆಯೂ ಅದನ್ನು ದಾಟಲು ನನಗೆ ಬರುತ್ತಿರಲಿಲ್ಲ, ಈಗಲೂ ಬರಲಿಲ್ಲ. ನಾಯಿ ಕಚ್ಚುತ್ತದೆ, ಹುಡುಗಿ ಬೀಳುತ್ತಾಳೆ, ಮತ್ತೆ ಮೊದಲಿನಿಂದ. ಎಷ್ಟು ಸಲವೋ. ಹೆಬ್ಬೆರಳು ನೋಯತೊಡಗಿತು. ಬಾಗಿಲ ಸದ್ದೂ ಕೇಳಿಸಲಿಲ್ಲ. ತಲೆಯೆತ್ತಿದರೆ ಊರುಗೋಲಿನ ಮೇಲೆ ಅಕ್ಕ, ಹಿಂದೆ ಎಕ್ಸ್‌ರೇ ಕವರು ಹಿಡಿದ ನನ್ನ ಹೆಂಡತಿ.

“ಅದು ಎಡಕ್ಕೆ ನೋಡೋವಾಗ ಹೋಗಬೇಕು,” ಎಂದಳು ಅಕ್ಕ. ನಿಧಾನವಾಗಿ ಬಂದು ಮಂಚದ ಅಂಚಿಗೆ ಕೂತಳು. “ಹುಟ್ಟು ಹೊಳೆ ಆಚೆ ಇದೆ ಅಲ್ವಾ?”

ನಾನು ಯಂತ್ರ ಕೆಳಗಿಟ್ಟೆ.

ಅವಳು ದಿಂಬಿನಡಿಯಿಂದ ಅಳತೆ ಬರೆಯುವ ಪುಸ್ತಕ ತೆಗೆದಳು. ಎದೆ, ಸೊಂಟ, ತೋಳು ಎಂದು ಗೆರೆ ಎಳೆದ ಹಾಳೆಗಳಲ್ಲಿ ಪೆಟ್ಟಿಗೆಗಳ ಲೆಕ್ಕ. ತೆರೆದವು ನಲವತ್ತೊಂದು, ಪ್ರತಿಯೊಂದರ ಮುಂದೆ ಸಿಕ್ಕ ವಸ್ತುವಿನ ಹೆಸರು. ಉಳಿದವು ಇಪ್ಪತ್ತಮೂರು, ಎಲ್ಲವೂ ಆಚೆ ದಡದವು. ಕೆಳಗೆ ಒಂದು ಗೆರೆ ಎಳೆದು ‘ಆಗುವುದಿಲ್ಲ’ ಎಂದು ಬರೆದಿದ್ದಳು.

“ಮೊನ್ನೆಯೇ ಗೊತ್ತಾಯಿತು,” ಎಂದಳು.

“ಮತ್ತೆ ಹೇಳಬಾರದಿತ್ತಾ?”

“ನೀನು ಹೇಳ್ತೀಯೇನೋ ಅಂತ ಕಾಯ್ತಿದ್ದೆ.”

ನಗು ಬರುವಂಥ ಮಾತು ಎಂದುಕೊಂಡು ನಾನು ನಗಲು ಹೊರಟೆ. ನನ್ನ ಹೆಂಡತಿ ಎಕ್ಸ್‌ರೇ ಕವರನ್ನು ಮೇಜಿನ ಮೇಲಿಟ್ಟಳು.

“ನಗಬೇಡಿ. ಹೊಲಿಗೆ ಬಿಚ್ಚಿಸೋಕೆ ಹೋದ ದಿನ ಅತ್ತಿಗೆ ಡಾಕ್ಟರ ಹತ್ತಿರ ಏನು ಕೇಳಿದರು ಗೊತ್ತಾ? ಆಪರೇಷನ್ನಿಗೆ ಕೊಟ್ಟ ಮಂಪರು ಮದ್ದಿನಿಂದ ನೆನಪು ಹೋಗುತ್ತಾ ಅಂತ. ಹುಡುಕಿದ ಕಡೆಯೇ ಹುಡುಕ್ತೀನಿ, ಏನೋ ತಪ್ಪಿಹೋಗ್ತಿದೆ, ಹೀಗಾದರೆ ಅಂಗಡಿಯಲ್ಲಿ ಅಳತೆ ಹೇಗೆ ನೆನಪಿಟ್ಟುಕೊಳ್ಳಲಿ ಅಂತ.”

ಅಕ್ಕ ಕಿಟಕಿಯ ಕಡೆ ನೋಡಿದಳು. “ಬಿಡಮ್ಮ, ಅದೆಲ್ಲ ಯಾಕೀಗ.”

ನನಗೆ ಕೂತಲ್ಲಿ ಕೂರಲಾಗಲಿಲ್ಲ. ಅವಳು ತನ್ನ ತಲೆಯ ಮೇಲೆ ಅನುಮಾನಪಡುವ ಹಾಗೆ ನಾನು ಕಾಫಿ ಹೀರುತ್ತ ‘ಗಮನ ಕೊಡು’ ಎಂದಿದ್ದೆ.

“ತಪ್ಪಾಯ್ತಕ್ಕ,” ಎಂದೆ. “ನಿನ್ನೆಯೇ ಗೊತ್ತಾಗಿತ್ತು. ಹೇಳೋಕೆ ಮುಖ ಬರಲಿಲ್ಲ.”

“ನಿನ್ನೆ ಗೊತ್ತಾಗಿದ್ದಕ್ಕೆ ಬೇಜಾರಿಲ್ಲ. ಇವತ್ತು ರಜಾ ಹಾಕಿ ಮುಚ್ಚೋಕೆ ಕೂತೆಯಲ್ಲ, ಅದಕ್ಕೆ.” ಪುಸ್ತಕ ಮುಚ್ಚಿ, “ಆಫೀಸಿಗೆ ಏನಂತ ಹೇಳಿದೆ?” ಎಂದಳು.

“ಹೊಟ್ಟೆನೋವು.”

“ಹಾಗಾದರೆ ಇವಳೇ, ಇವನಿಗೆ ಮಧ್ಯಾಹ್ನ ಗಂಜಿ ಸಾಕು.”

ನಿಜಕ್ಕೂ ಗಂಜಿಯನ್ನೇ ಬಡಿಸಿದರು.

ಊಟವಾದ ಮೇಲೆ ಅಕ್ಕ ಕತ್ತರಿ ಕೇಳಿದಳು. ಹಳೆ ಕ್ಯಾಲೆಂಡರಿನ ಹಾಳೆಗಳನ್ನು ಚೌಕ ಚೌಕವಾಗಿ ಕತ್ತರಿಸಿ, ಹೊದಿಕೆಯ ಮೇಲೆ ದ್ವೀಪವನ್ನೇ ಹರಡಿದಳು. ಮಡಿಕೆ ಬಿದ್ದ ಕಡೆ ಹೊಳೆ.

“ನೀನು ಸುಮ್ಮನೆ ಎರಚಿದೆ. ಹಾಗಲ್ಲ. ಕೋಟು ಹೊಲಿಯೋದು ಮೊದಲಿಂದ, ಆದರೆ ಕತ್ತರಿ ಹಾಕೋ ಮುಂಚೆ ಯೋಚನೆ ಮಾಡೋದು ಕೊನೆಯಿಂದ. ಒಳಬಟ್ಟೆಯ ಅಸ್ತರು ಹೊಲಿದು ಮುಚ್ಚಿದ ಮೇಲೆ ಒಳಜೇಬು ಇಡೋಕಾಗಲ್ಲ. ಈಗ ಹುಡುಗಿ ಹತ್ತಿರ ಹುಟ್ಟೊಂದು ಬಿಟ್ಟು ಬೇರೆಲ್ಲ ಇದೆ ಅಂದುಕೋ. ಎಲ್ಲೆಲ್ಲಿಗೆ ಹೋಗಬಲ್ಲಳು?”

“ಈಚೆ ದಡ ಎಲ್ಲಾ.”

“ಅಲ್ಲೇ ಎಲ್ಲಾದರೂ ಹುಟ್ಟು ಇಡು. ಎಲ್ಲಿ ಅನ್ನೋದು ನಿನ್ನ ಯಂತ್ರ ಚೀಟಿ ಎತ್ತಲಿ. ಇನ್ನು ಲಾಟೀನನ್ನೂ ಕಿತ್ತುಕೋ. ಹುಟ್ಟೂ ಇಲ್ಲ, ಲಾಟೀನೂ ಇಲ್ಲ. ಈಗ ಎಲ್ಲಿಗೆ ಹೋಗಬಲ್ಲಳು? ಅಲ್ಲಿ ಲಾಟೀನು ಇಡು.”

ಒಂದೊಂದಾಗಿ ಎಲ್ಲ ಕಿತ್ತುಕೊಂಡ ಮೇಲೆ, ಕೊನೆಗೆ ಬರಿಗೈಯ ಹುಡುಗಿ ಬಾವಿಯ ಪಕ್ಕ ನಿಂತಳು. ಅವಳಿಗೆ ಬೇಕಾದ ಯಾವ ವಸ್ತುವೂ ಅವಳು ತಲುಪಲಾರದ ಕಡೆ ಇರಲಿಲ್ಲ. ಪೊರಕೆ, ಕಿರೀಟದಂಥ ಹೆಚ್ಚಿಗೆಯವನ್ನು ಉಳಿದ ಪೆಟ್ಟಿಗೆಗಳಿಗೆ ಮನಸ್ಸು ಬಂದಂತೆ ಎರಚಬಹುದಿತ್ತು. ಅಷ್ಟನ್ನೂ ಪ್ರೋಗ್ರಾಮಾಗಿ ಬರೆಯಲು ನೂರಹತ್ತು ಸಾಲು ಬೇಕಾಯಿತು. ನಾನು ಯಾರಿಗೂ ಸಾಲಿನ ಲೆಕ್ಕ ಹೇಳಲಿಲ್ಲ.

ಅಕ್ಕ ಒಂದು ಷರತ್ತು ಹಾಕಿದಳು: ನಾನು ಮೊದಲು ಕೊನೆಯವರೆಗೆ ಆಡಿ ತೋರಿಸದೆ ಹೊಸ ಕ್ಯಾಸೆಟ್ಟನ್ನು ಅವಳು ಮುಟ್ಟುವುದಿಲ್ಲ. ಒಂದು ವಾರ ಸಂಜೆ ಅವಳ ಪಕ್ಕ ಕೂತು ಆಡಿದೆ. ಗಿರಣಿಯ ನಾಯಿಯ ಹತ್ತಿರ ಬಂದಾಗಲೆಲ್ಲ ಯಂತ್ರವನ್ನು ಅವಳ ಕಡೆ ಚಾಚುತ್ತಿದ್ದೆ, ಅವಳು ಕೈ ಹಿಂದಕ್ಕೆ ಕಟ್ಟಿಕೊಳ್ಳುತ್ತಿದ್ದಳು. ಎಂಟನೇ ಸಂಜೆ ದಾಟಿದೆ. ನಲವತ್ನಾಲ್ಕನೇ ವಯಸ್ಸಿನಲ್ಲಿ ಆ ಸುದ್ದಿಯನ್ನು ಆಫೀಸಿನಲ್ಲಿ ಹೇಳಿಕೊಳ್ಳುವಂತಿರಲಿಲ್ಲ, ಆದರೂ ಹೇಳಿದೆ. ಆಚೆ ದಡದ ಕೊನೆಯ ದೀಪ ಹೊತ್ತಿದ್ದು ಅದಾದ ಹತ್ತು ದಿನಕ್ಕೆ. ಆ ಕ್ಯಾಸೆಟ್ಟಿನ ಯಾವ ಪೆಟ್ಟಿಗೆಯಲ್ಲಿ ಏನಿದೆ ಎಂದು ಅಕ್ಕ ಕಣ್ಣಾರೆ ನೋಡಿಯಾಗಿತ್ತಲ್ಲ. ನನಗೆ ‘ಸರಿಯಿದೆ’ ಎಂದು ಒಂದು ರುಜು ಹಾಕಿಕೊಟ್ಟು, ಹೊಸದೊಂದು ಕಲಸಿಸಿಕೊಂಡಳು. ಅದನ್ನು ನಾಲ್ಕೇ ದಿನದಲ್ಲಿ ಮುಗಿಸಿದಳು.

ಮತ್ತೆ ಕಾಲೂರಲು ಕಲಿಯುವಾಗ ಅವಳು ಅತ್ತಳು, ನೋವಿಗೆ. ಆಮೇಲೆ ಅಂಗಳದಲ್ಲಿ ನಡೆದಳು, ಆಮೇಲೆ ಮೂರು ಮಹಡಿ ಹತ್ತಿದಳು, ಪ್ರತಿ ಮಹಡಿಯಲ್ಲೂ ನಿಂತು ನನ್ನ ಇಲಾಖೆಯನ್ನು ಬೈದುಕೊಂಡು. ಅಂಗಡಿ ತೆರೆದ ಮೊದಲ ದಿನ ನಾನೂ ಹೋಗಿದ್ದೆ. ಹದಿನೇಳು ಗಿರಾಕಿಗಳ ಅಳತೆಯನ್ನು ಪುಸ್ತಕ ನೋಡದೆ ಹೇಳಿದಳು. ಅವಳ ಹತ್ತಿರ ಕೆಲಸ ಮಾಡುವ ಇಬ್ಬರು ಹೆಂಗಸರು ಪುಸ್ತಕ ತೆರೆದು ತಾಳೆ ನೋಡುತ್ತ ಹೋದರು. ಹದಿನಾರು ಸರಿ ಇತ್ತು. ಹದಿನೇಳನೆಯವನು ಈ ಮೂರು ತಿಂಗಳಲ್ಲಿ ದಪ್ಪಗಾಗಿದ್ದಾನೆ, ಪುಸ್ತಕದ್ದೇ ತಪ್ಪು ಎಂದಳು ಅಕ್ಕ.