ರತ್ನಾಳ ಚಿಂತಾ

ಲಂಡನ್ನಿನ ಪಾರ್ಕ್ ರಾಯಲ್‌ನ ಸಮೋಸಾ ಕಾರ್ಖಾನೆಯಲ್ಲಿ ಪಕ್ಕಕ್ಕೆ ಬಂದು ನಿಂತ ಹೊಸಬಳು ತನ್ನ ಹೆಸರು ರತ್ನಾ ಎಂದಾಗ, ವಿಜಾಪುರದ ನಾಗವ್ವನಿಗೆ ಹಿಗ್ಗೋ ಹಿಗ್ಗು. "ಯಾವೂರಾಕಿವಾ ನೀ?" ಎಂದು ಕೇಳಿಯೇಬಿಟ್ಟಳು. ರತ್ನಾ ಪಿಳಿಪಿಳಿ ನೋಡಿದಳು. ಅವಳ ಊರು ಇಂಡೋನೇಷ್ಯಾದ ಸುರಬಾಯಾ. ರತ್ನಾ ಎಂಬ ಹೆಸರಿನವಳು ಊಟದ ಬಿಡುವಿನಲ್ಲಿ ನಮಾಜು ಮಾಡುವುದನ್ನು ನಾಗವ್ವ ಅದೇ ಮೊದಲು ಕಂಡದ್ದು.

ಇಬ್ಬರ ನಡುವೆ ಇದ್ದದ್ದು ಕಾರ್ಖಾನೆಯ ಮುರುಕು ಇಂಗ್ಲಿಷು. ಅದು ಸಾಲದಾದಾಗ ಎರಡೂ ಕಡೆಯ ಮಾತುಗಳು ತಾವಾಗಿಯೇ ಒದಗಿ ಬರುತ್ತಿದ್ದವು. ರತ್ನಾಳ ಭಾಷೆಯಲ್ಲಿ ಗಂಡ ಅಂದರೆ ಸುವಾಮಿ, ಮಗಳು ಪುತ್ರಿ, ದುಃಖ ದುಕಾ. ಹೆಂಡತಿಗೆ ಇಸ್ತ್ರಿ ಅನ್ನುತ್ತಾರೆಂದು ತಿಳಿದಾಗ, ಗಂಡನ ಅಂಗಿ ತೀಡಿ ತೀಡಿಯೇ ಆ ಹೆಸರು ಬಂದಿರಬೇಕೆಂದು ನಾಗವ್ವ ಹೊಟ್ಟೆ ಹಿಡಿದುಕೊಂಡು ನಕ್ಕಳು. ಅರ್ಧ ಭಾಷೆ ತನಗೆ ಬಂದೇಬಿಟ್ಟಿದೆ ಎಂಬ ಜಂಬವೂ ಅವಳಿಗೆ ಅಂದಿನಿಂದ ಶುರುವಾಯಿತು.

ಭಾನುವಾರಗಳಂದು ರತ್ನಾಳ ಕೋಣೆಯಲ್ಲಿ ಇಬ್ಬರೂ ಕೂತು ಸುರಬಾಯಾದಿಂದ ಬಂದ ವಿಸಿಡಿ ನೋಡುತ್ತಿದ್ದರು. ಅತ್ತೆ ಸೊಸೆಯರ ಧಾರಾವಾಹಿ ಎಲ್ಲಿಯದಾದರೇನು, ಅಳುವುದಕ್ಕೆ ಭಾಷೆ ಬೇಡ. ಆಮೇಲೆ ದಂಗ್ದುತ್ ಎಂಬ ಅಲ್ಲಿಯ ಕುಣಿತದ ಹಾಡುಗಳು. ಆ ತಬಲಾದಂಥ ವಾದ್ಯ, ಆ ಕೊಳಲು, ಹಳೆಯ ಹಿಂದಿ ಸಿನಿಮಾದ ಹಾಡನ್ನೇ ಯಾರೋ ಬೇರೆ ಮಾತು ಹಾಕಿ ಹಾಡಿದ ಹಾಗಿರುತ್ತಿತ್ತು. ಪ್ರತಿ ಹಾಡಿನಲ್ಲೂ 'ಚಿಂತಾ, ಚಿಂತಾ' ಎಂದು ಬರುವುದು ಮಾತ್ರ ನಾಗವ್ವನಿಗೆ ಸೋಜಿಗ. ಇಷ್ಟು ಚಿಂತೆ ಇಟ್ಟುಕೊಂಡು ಇಷ್ಟು ಚೆಂದಾಗಿ ಕುಣಿಯುತ್ತಾರಲ್ಲ, ಎಂಥ ಗಟ್ಟಿ ಜನ ಎಂದುಕೊಳ್ಳುತ್ತಿದ್ದಳು.

ಒಂದು ವಿಸಿಡಿ ಬಂದಾಗ ಮಾತ್ರ ರತ್ನಾ ಧ್ವನಿ ತಗ್ಗಿಸಿ, ಹಾಡುಗಾರ್ತಿಯ ಮುಖವನ್ನಷ್ಟೇ ನೋಡುತ್ತ ಕೂರುತ್ತಿದ್ದಳು. ಆ ಹಾಡುಗಾರ್ತಿಯೇ ರತ್ನಾಳ ಮಗಳು ದೇವಿ. ಮದುವೆ ಮನೆಗಳಲ್ಲಿ ಸೊಂಟ ಕುಣಿಸುತ್ತ ದಂಗ್ದುತ್ ಹಾಡಲು ಹೊರಟ ಮಗಳಿಗೆ ರತ್ನಾ ಎರಡು ವರ್ಷದ ಹಿಂದೆ ಬಾಯಿಗೆ ಬಂದಂತೆ ಬೈದಿದ್ದಳು. ಅಂದಿನಿಂದ ದೇವಿ ತಾಯಿಯ ಫೋನು ಎತ್ತುತ್ತಿರಲಿಲ್ಲ. ಈಗ, ೨೦೦೪ರಲ್ಲಿ, ಜಕಾರ್ತಾದ ಟಿವಿಯವರ ದಂಗ್ದುತ್ ಸ್ಪರ್ಧೆಯಲ್ಲಿ ಅವಳು ಕೊನೆಯ ನಾಲ್ವರಲ್ಲಿ ಒಬ್ಬಳು. ಊರಿಗೆ ಊರೇ ಎಸ್ಸೆಮ್ಮೆಸ್ ಕಳಿಸಿ ಅವಳಿಗೆ ಓಟು ಹಾಕುತ್ತಿತ್ತಂತೆ.

ರತ್ನಾ ಆಗಲೇ ಆಸ್ಪತ್ರೆಯಲ್ಲಿದ್ದಳು. ಶ್ವಾಸಕೋಶದ ಕ್ಯಾನ್ಸರು. ಗುರುವಾರ ನಾಗವ್ವ ಹೋದಾಗ ಮುಖದ ಮೇಲಿನ ಆಕ್ಸಿಜನ್ ಮಾಸ್ಕನ್ನು ಪಕ್ಕಕ್ಕೆ ಸರಿಸಿ, ಉಸಿರು ಜೋಡಿಸಿಕೊಂಡು ಹೇಳಿದಳು:

"ಯುವರ್ ಫೋನ್. ದೇವಿ ಟೇಕ್. ಮೈ ಫೋನ್, ನೋ ಟೇಕ್. ನೋ ಸೇ ಹಾಸ್ಪಿಟಲ್. ಸ್ಯಾಟರ್ಡೇ ಸಾಂಗ್." ಸ್ವಲ್ಪ ಹೊತ್ತು ಸುಧಾರಿಸಿಕೊಂಡಳು. "ಸೇ... ಇಬು ಚಿಂತಾ."

ಇಬು ಅಂದರೆ ಅವ್ವ. ಉಳಿದದ್ದನ್ನು ನಾಗವ್ವನಿಗೆ ಯಾರೂ ಹೇಳಿಕೊಡಬೇಕಾಗಿರಲಿಲ್ಲ. ಕಾರಿಡಾರಿಗೆ ಬಂದು ಕಾಲಿಂಗ್ ಕಾರ್ಡಿನ ನಂಬರು ಒತ್ತಿದಳು. ದೇವಿಗೆ ಒಂದಿಷ್ಟು ಇಂಗ್ಲಿಷ್ ಬರುತ್ತಿತ್ತು.

"ಐ ಮದರ್ ಫ್ರೆಂಡ್. ಯುವರ್ ಮದರ್ ವರಿ," ಎಂದಳು ನಾಗವ್ವ. ಸಾಲದೆನ್ನಿಸಿ ತಾನೇ ಸೇರಿಸಿದಳು. "ವೆರಿ ವರಿ."

ಆ ಕಡೆಯಿಂದ, "ಐ ನೋ. ಆಲ್ವೇಸ್ ಐ ನೋ," ಎಂದು ಫೋನು ಇಟ್ಟ ಸದ್ದು.

ಒಳಗೆ ರತ್ನಾಳ ಕಣ್ಣು ಬಾಗಿಲಿಗೇ ನೆಟ್ಟಿತ್ತು. ಹುಡುಗಿ ಅಂದದ್ದನ್ನು ನಾಗವ್ವ ಅಕ್ಷರ ಬಿಡದೆ ಒಪ್ಪಿಸಿದಳು. ರತ್ನಾ ಮತ್ತೆ ಮತ್ತೆ ಹೇಳಿಸಿಕೊಂಡಳು. ಮಾಸ್ಕಿನ ಒಳಗೇ ನಕ್ಕಳು. ಎಷ್ಟೋ ದಿನದ ಮೇಲೆ ಕೆಮ್ಮದೆ ಮಲಗಿದಳು. ಚಿಂತೆ ಮುಟ್ಟಿಸಿದ್ದಕ್ಕೆ ಇಷ್ಟು ಸಮಾಧಾನವೇ ಎಂದು ನಾಗವ್ವನಿಗೆ ಅನ್ನಿಸಿತು, ಆದರೆ ತಾಯಂದಿರ ಮನಸ್ಸು ತನಗೂ ಗೊತ್ತಿದ್ದದ್ದೇ.

ಶನಿವಾರದ ಸ್ಪರ್ಧೆಯಲ್ಲಿ ದೇವಿ ಸೋತಳು. ಭಾನುವಾರ ರತ್ನಾ ತೀರಿಕೊಂಡಳು. ಲಂಡನ್ನಿನಲ್ಲಿದ್ದ ಅವಳ ನಾಡಿನವರು ಬಂದು ಮಣ್ಣು ಮಾಡಿದರು. ಮಗಳಿಗೆ ಸುದ್ದಿ ಮುಟ್ಟಿಸಿದವರೂ ಅವರೇ.

ಮೂರನೆಯ ದಿನ ಎಜ್‌ವೇರ್‌ನ ತನ್ನ ಮನೆಯಲ್ಲಿ ನಾಗವ್ವ ದೇವಿಯ ವಿಸಿಡಿ ಹಾಕಿಕೊಂಡು ಕಣ್ಣೊರೆಸುತ್ತ ಕೂತಿದ್ದಳು. ಮಗಳು ಸೌಜನ್ಯಾ ಕಾಲೇಜಿನಿಂದ ಬಂದವಳು ಹಿಂದೆ ನಿಂತು ಸ್ವಲ್ಪ ಹೊತ್ತು ನೋಡಿದಳು.

"ಪಾಪ, ಸಾಯೋ ತನಕಾ ಚಿಂತಿ, ಚಿಂತಿ ಅಂದ್ಲು ನೋಡು," ಎಂದಳು ನಾಗವ್ವ.

"ಅವ್ವಾ, ದಟ್ಸ್ ನಾಟ್ ವರಿ. ನಮ್ಮ ಕ್ಲಾಸಿನ್ಯಾಗ ಇಂಡೋನೇಷಿಯನ್ ಹುಡುಗಿ ಅದಾಳ. ಚಿಂತಾ ಮೀನ್ಸ್ ಲವ್."

ನಾಗವ್ವ ವಿಸಿಡಿ ನಿಲ್ಲಿಸಿದಳು. "ಲವ್ ಅಂದ್ರ... ಪ್ರೀತಿ?"

"ಹೂಂ."

ಸಾಯುವ ತಾಯಿ ಕೈಗಿಟ್ಟ ಮಾತನ್ನು ನಾಗವ್ವ ದಾರಿಯಲ್ಲಿ ಕೆಡಿಸಿ ಕೊಟ್ಟಿದ್ದಳು. ಆ ಮಗಳು ಮೊದಲೇ ಕೇಳಿ ಕೇಳಿ ಸೋತಿದ್ದ ಮಾತನ್ನೇ, ವೆರಿ ಎಂದು ಒಗ್ಗರಣೆ ಬೇರೆ ಹಾಕಿ ಕೊಟ್ಟಿದ್ದಳು. "ಅಯ್ಯ ನನ ಶಿವನೆ, ಎಂಥಾ ಪಾಪ ಮಾಡಿದೆ," ಎಂದು ಬಾಯಿ ಬಡಿದುಕೊಂಡಳು. ಸೌಜನ್ಯಾ ಲಂಡನ್ನಿನ ಮಳೆಯಲ್ಲಿ ಹತ್ತು ನಿಮಿಷ ತಡವಾಗಿ ಬಂದರೂ ನಾಗವ್ವ ಅನ್ನುತ್ತಿದ್ದದ್ದು, ನಿಂದ ಚಿಂತಿ ಹತ್ತಿತ್ತು ಎಂದೇ. ಇನ್ನೊಂದು ಮಾತನ್ನು ಅವಳು ಹೊಟ್ಟೆಯ ಮಗಳಿಗೆ ಒಮ್ಮೆಯೂ ಅಂದವಳಲ್ಲ.

"ನಾ ಮಾತಾಡಲಾ?" ಎಂದಳು ಸೌಜನ್ಯಾ.

"ಬ್ಯಾಡ. ಕೆಡಿಸಿದಾಕಿ ನಾನು. ನಾನss ಹೇಳಬೇಕು."

ದೇವಿ ಫೋನು ಎತ್ತಿದಳು. ಧ್ವನಿ ಸೊರಗಿ ಹೋಗಿತ್ತು.

"ಮದರ್ ನೋ ಸೇ ವರಿ," ಎಂದಳು ನಾಗವ್ವ. "ಮೈ ಮಿಸ್ಟೇಕ್. ಮೈ ಲ್ಯಾಂಗ್ವೇಜ್ ಮಿಸ್ಟೇಕ್. ಮದರ್ ಸೇ, ಇಬು ಚಿಂತಾ."

ಹುಡುಗಿ ಕೇಳಿದಳು, "ಆಂಟಿ, ಆ ದಿನ ನಾನು ಸಿಟ್ಟಿನಲ್ಲಿ ಅಂದೆ. ಇಬುಗೆ ಏನು ಹೇಳಿದಿರಿ?" ಅವಳ ಇಂಗ್ಲಿಷು ಅಳುವಿನಲ್ಲಿ ಒಡೆಯುತ್ತಿತ್ತು.

"ಯು ಸೇ, ಐ ನೋ, ಆಲ್ವೇಸ್ ಐ ನೋ. ಸೇಮ್ ಐ ಟೆಲ್ ಮದರ್," ಎಂದಳು ನಾಗವ್ವ. "ಮದರ್ ಲಾಫ್. ದೆನ್ ಸ್ಲೀಪ್."